ಮನರಸದ ಶಿವಲಿಂಗವ್ವ

ಕರಜಗಿಯಲ್ಲಿ ಎಸ್ಟಿ ಬಸ್ಸು ನಿಲ್ಲುವ ಜಾಗದಿಂದ ನಾಲ್ಕು ಹೆಜ್ಜೆ ಒಳಗೆ ಹೋದರೆ ಒಂದು ಹಿಟ್ಟಿನ ಗಿರಣಿ ಸಿಗುತ್ತದೆ. ಅದನ್ನು ನಡೆಸುವವಳು ಶಿವಲಿಂಗವ್ವ. ಅರವತ್ತರ ಹತ್ತಿರದ ವಯಸ್ಸು, ಹುಬ್ಬಿನವರೆಗೂ ಹತ್ತಿದ ಜೋಳದ ಹಿಟ್ಟು, ಕೊರಳಲ್ಲಿ ಲಿಂಗದ ಕರಡಿಗೆ. ಮಾತು ಕಡಿಮೆ. ಗಿರಣಿಯ ಸದ್ದಿನಲ್ಲಿ ಮಾತಾಡುವ ಅಗತ್ಯ ಬೀಳುವುದಿಲ್ಲ, ಅದಕ್ಕೇ ಆಕೆಗೆ ಆ ಕೆಲಸ ಹಿಡಿಸಿದೆ ಎಂದು ಓಣಿಯ ಹೆಂಗಸರು ಹೇಳುತ್ತಾರೆ.

ಆರು ವರ್ಷದ ಹಿಂದೆ ಆಕೆಯನ್ನು ಹುಡುಕಿಕೊಂಡು ಬರುತ್ತಿದ್ದವರು ಜೋಳದ ಚೀಲ ಹೊತ್ತವರಲ್ಲ. ಜತ್ತ, ಚಡಚಣ, ಇಂಡಿ, ಮಂಗಳವೇಢೆ ಕಡೆಯಿಂದ ನಿದ್ದೆಗೆಟ್ಟವರು, ಮಾತು ಬಿಟ್ಟವರು, ಕಂಡದ್ದನ್ನೇ ಮತ್ತೆ ಮತ್ತೆ ಕಂಡು ನಡುಗುವವರು ಬಂದಿಳಿಯುತ್ತಿದ್ದರು. ಇಳಿದವರು ಕೇಳುತ್ತಿದ್ದದ್ದು ಒಂದೇ ಮಾತು: ಮನರಸದ ಅವ್ವಾರ ಮನಿ ಯಾವುದ್ರಿ?

ರಸವಿದ್ಯೆ ಎಂದರೆ ತಾಮ್ರವನ್ನು ಬಂಗಾರ ಮಾಡುವುದೆಂದೇ ಬಹಳ ಜನ ತಿಳಿದಿದ್ದಾರೆ. ಶಿವಲಿಂಗವ್ವನ ತಂದೆ ಮುರಗೆಪ್ಪ ಆ ಮಾತು ಕೇಳಿದರೆ ನಗುತ್ತಿದ್ದ. ಅವನ ಮನೆತನಕ್ಕೆ ತಲೆತಲಾಂತರದಿಂದ ಬಂದದ್ದೂ ರಸವಿದ್ಯೆಯೇ, ಆದರೆ ಅದರ ಬೇರೆಯೇ ಒಂದು ಕವಲು. ಅದು ಲೋಹವನ್ನು ಬದಲಿಸುತ್ತಿರಲಿಲ್ಲ, ಮನುಷ್ಯನ ನೆನಪನ್ನು, ಅವನು ಕಾಣುವುದನ್ನು, ಕೇಳುವುದನ್ನು ಬದಲಿಸುತ್ತಿತ್ತು. ಅದಕ್ಕೆ ಅವರು ಮನರಸ ಎನ್ನುತ್ತಿದ್ದರು. ಮುರಗೆಪ್ಪನಿಗೆ ಗಂಡುಮಕ್ಕಳಿರಲಿಲ್ಲ. ಇದ್ದ ಒಬ್ಬ ಮಗಳನ್ನು ಹನ್ನೆರಡನೆಯ ವಯಸ್ಸಿನಿಂದ ಪಕ್ಕದಲ್ಲಿ ಕೂರಿಸಿಕೊಂಡು ಕಲಿಸಿದ. ಆಕೆ ಮದುವೆಯಾದದ್ದು ಅದೇ ಊರಿನ ಗಿರಣಿಯವನನ್ನು. ಹೀಗಾಗಿ ವಿದ್ಯೆ ಊರು ಬಿಟ್ಟು ಹೋಗಲಿಲ್ಲ. ತಂದೆ ತೀರಿದ ಮೇಲೆ ಆಕೆಯೇ ಅದನ್ನು ಮುಂದುವರಿಸಿದಳು. ಗಂಡ ತೀರಿದ ಮೇಲೆ ಗಿರಣಿಯನ್ನೂ ಹಿಡಿದಳು.

ಕೆಲಸ ನಡೆಯುತ್ತಿದ್ದದ್ದು ಹೀಗೆ. ನೊಂದವರನ್ನು ಮುಂಜಾನೆಯ ಬಿಸಿಲು ಬೀಳುವ ಪಡಸಾಲೆಯಲ್ಲಿ ಕೂರಿಸುವುದು. ಅವರ ಎದುರಿಗೆ ಮಣ್ಣಿನ ಮೂಸೆಯೊಂದರಲ್ಲಿ ಕಟ್ಟಿದ ಪಾದರಸವನ್ನು ಕೆಲವು ಬೇರುಗಳ ಪುಡಿಯ ಜೊತೆ ಇದ್ದಿಲ ಮೇಲೆ ಕಾಯಿಸುವುದು. ಅದು ಕಾಯುತ್ತಿರುವಾಗ ಅವರು ತಮಗಾದದ್ದನ್ನೆಲ್ಲ ಬಾಯಿಬಿಟ್ಟು ಹೇಳಬೇಕು. ಹೇಳುವ ಉಸಿರು ಆ ಹೊಗೆಯಲ್ಲಿ ಬೆರೆಯಬೇಕು. ಮೂಸೆಯ ಮೇಲೆ ಬೋರಲು ಹಾಕಿದ ತಾಮ್ರದ ಬಟ್ಟಲಿಗೆ ಮಸಿ ಹತ್ತುತ್ತದೆ. ಅದನ್ನು ಹರಳೆಣ್ಣೆಯಲ್ಲಿ ಕಲಸಿ ಮೂರು ದಿನ ಅವರ ರೆಪ್ಪೆಗೆ ಹಚ್ಚುವುದು. ಅಷ್ಟೇ.

ಕಷ್ಟವಿದ್ದದ್ದು ಬಣ್ಣ ನೋಡುವುದರಲ್ಲಿ. ಮಸಿ ಮೊದಲು ಬೂದಿಯಂತಿರುತ್ತದೆ. ಆಮೇಲೆ ಪಾರಿವಾಳದ ಕೊರಳಿನ ಹಾಗೆ ಹಸಿರು, ನೀಲಿ ಹೊಳೆಯುತ್ತದೆ. ಅಲ್ಲಿಗೆ ಬಟ್ಟಲು ಇಳಿಸಿಬಿಡಬೇಕು. ಆ ಮಸಿ ಹಚ್ಚಿದವರಿಗೆ ಆದದ್ದೆಲ್ಲ ನೆನಪಿರುತ್ತದೆ, ಚುಚ್ಚುವುದು ಮಾತ್ರ ನಿಲ್ಲುತ್ತದೆ. ಇಳಿಸದೆ ಬಿಟ್ಟರೆ ಹತ್ತೆಣಿಸುವಷ್ಟರಲ್ಲಿ ಹೊಳಪು ಹೋಗಿ ಬರೀ ಕಪ್ಪಾಗುತ್ತದೆ. ಅದಕ್ಕೆ ಸುಟ್ಟ ಪಾಕ ಎಂದು ಹೆಸರು. ಅದು ನೋವಿನ ಜೊತೆಗೆ ನೋವು ಹುಟ್ಟಿದ ಜಾಗವನ್ನೂ ಕಿತ್ತುಹಾಕುತ್ತದೆ. ಮುರಗೆಪ್ಪ ತನ್ನ ಮಗಳಿಗೆ ಈ ಒಂದು ಮಾತನ್ನು ಎಷ್ಟು ಸಲ ಹೇಳಿದ್ದನೋ ಲೆಕ್ಕವಿಲ್ಲ.

"ಪೂರಾ ತಗೀಬ್ಯಾಡವಾ. ಮನಷ್ಯಾನ ದುಃಖ ಅವನ ಕಡೇನ ಇರ್ಲಿ. ಅದರ ಹಲ್ಲಷ್ಟ ಕೀಳು."

ಆಕೆ ನಲವತ್ತು ವರ್ಷ ಹಾಗೆಯೇ ಮಾಡಿದಳು. ಸೋನ್ಯಾಳದ ಕುರಿಗಾರ ಧೂಳಪ್ಪನನ್ನು ಕೇಳಿದರೆ ಈಗಲೂ ಹೇಳುತ್ತಾನೆ. ದೊಡ್ಡ ರಸ್ತೆ ದಾಟಿಸುವಾಗ ಲಾರಿಯೊಂದು ಅವನ ಹಿಂಡಿನೊಳಗೆ ನುಗ್ಗಿ ಮೂವತ್ತೊಂದು ಕುರಿ ಸತ್ತಿದ್ದವು. ಅಂದಿನಿಂದ ಅವನ ಕಿವಿಯಲ್ಲಿ ಲಾರಿಯ ಬ್ರೇಕಿನ ಕಿರುಚು ನಿಂತೇ ಇರಲಿಲ್ಲ. ಊಟಕ್ಕೆ ಕುಳಿತರೂ ಅದೇ, ಕುರಿ ಅರಚಿದರೂ ಅದೇ. ಶಿವಲಿಂಗವ್ವ ಮೂರು ದಿನ ಅವನ ರೆಪ್ಪೆಗೆ ಮಸಿ ಹಚ್ಚಿದಳು. ನಾಲ್ಕನೆಯ ದಿನ ಅವನು ಪಡಸಾಲೆಯ ಕಂಬಕ್ಕೆ ಒರಗಿ ಕುಳಿತು, ಸತ್ತ ಕುರಿಗಳನ್ನು ಒಂದೊಂದಾಗಿ ಅವುಗಳ ಬಣ್ಣ ಹೇಳಿ ನೆನೆಸಿಕೊಂಡು ಅತ್ತ. ಕಿರುಚು ಹೋಗಿತ್ತು, ಅಳು ಬಂದಿತ್ತು. ಮನರಸ ಸರಿಯಾಗಿ ಇಳಿದಿದೆ ಎಂಬುದಕ್ಕೆ ಅದೇ ಗುರುತು ಎಂದು ಆಕೆ ಅವನ ಹೆಂಡತಿಗೆ ತಿಳಿಸಿ ಹೇಳಿದಳು.

ಶಿವಲಿಂಗವ್ವನಿಗೆ ಒಬ್ಬಳೇ ಮಗಳು, ನಂದಾ. ಬಾಯಿ ಜೋರು, ನಗು ಅದಕ್ಕಿಂತ ಜೋರು. ಜತ್ತದಲ್ಲಿ ಬಾರಾವಿ, ಅಂದರೆ ಹನ್ನೆರಡನೆಯ ತರಗತಿ, ಮುಗಿಸಿದ ಮೇಲೆ ಡಫಳಾಪುರದ ಗುರುಸಿದ್ದನಿಗೆ ಕೊಟ್ಟು ಮದುವೆಯಾಯಿತು. ಗುರುಸಿದ್ದನಿಗೆ ನಾಲ್ಕು ಎಕರೆ ದಾಳಿಂಬೆ ತೋಟ. ಸಿಟ್ಟು ಬಾರದ ಮನುಷ್ಯ, ಹೆಂಡತಿ ಮಾತಾಡುವಾಗ ಪಕ್ಕದಲ್ಲಿ ನಿಂತು ಕೇಳುವುದೇ ಅವನ ಸುಖ. ಎರಡು ವರ್ಷಕ್ಕೆ ಹೆಣ್ಣುಮಗು ಹುಟ್ಟಿತು. ಹೊಟ್ಟೆ ಕೊಯ್ದು ತೆಗೆಯಬೇಕಾಯಿತು. ಮಗುವಿಗೆ ಪ್ರಾಜಕ್ತಾ ಎಂದು ಹೆಸರಿಟ್ಟರು.

ಮಗುವಿಗೆ ಎರಡು ವರ್ಷ ಎಂಟು ತಿಂಗಳಿದ್ದಾಗ, ಶಿವರಾತ್ರಿ ಮುಗಿದ ನಾಲ್ಕನೆಯ ದಿನ ಅದು ನಡೆಯಿತು. ಮುಂಜಾನೆ ಹನ್ನೊಂದರ ಹೊತ್ತು. ಗುರುಸಿದ್ದ ಔಷಧಿ ತರಲು ಜತ್ತಕ್ಕೆ ಹೋಗಿದ್ದ. ನಂದಾ ಮಗುವನ್ನು ಮೋಟಾರಿನ ಶೆಡ್ಡಿನಲ್ಲಿ ಕೌದಿಯ ಮೇಲೆ ಮಲಗಿಸಿ, ಹತ್ತಿರದ ಸಾಲಿನಲ್ಲಿಯೇ ಗಿಡದ ಒಣಟೊಂಗೆ ತೆಗೆಯುತ್ತಿದ್ದಳು. ಆಗ ಶಿವಲಿಂಗವ್ವ ಫೋನು ಮಾಡಿದಳು. ಜೋಳದ ಸಂಡಿಗೆ ಎಷ್ಟು ಕಳಿಸಲಿ, ಎಳ್ಳು ಹಾಕಲೋ ಬೇಡವೋ ಎಂದು ಕೇಳುವುದಿತ್ತು. ಸಂಡಿಗೆಯ ಮಾತು ಮುಗಿದರೂ ಫೋನು ಇಡಲು ಮನಸ್ಸಾಗಲಿಲ್ಲ. ಮಗಳ ನಗು ಕೇಳಿ ಹದಿನೈದು ದಿನವಾಗಿತ್ತು. ಯಾರದೋ ಮದುವೆ, ಯಾರದೋ ಜಗಳ ಎಂದು ಮಾತು ಎಳೆದಳು. ಅಷ್ಟರಲ್ಲಿ ಮಗು ಎದ್ದು, ತೋಟದ ಮೇಲ್ಗಡೆಯ ಹೊಂಡದ ಕಡೆ ನಡೆದಿತ್ತು.

ನೀರು ತುಂಬಿಡುವ ಹೊಂಡ ಅದು. ಸುತ್ತ ಕರಿ ಪ್ಲಾಸ್ಟಿಕ್ ಹಾಸಿದ್ದು, ಪಾಚಿ ಕಟ್ಟಿ ನುಣ್ಣಗಾಗಿತ್ತು. ದೊಡ್ಡವರು ಬಿದ್ದರೂ ಹಿಡಿದು ಹತ್ತಲು ಏನೂ ಸಿಗುವುದಿಲ್ಲ. ಫೋನು ಇಟ್ಟು ನಂದಾ ಶೆಡ್ಡಿಗೆ ಬಂದಾಗ ಕೌದಿ ಬರಿದಾಗಿತ್ತು.

ಮುಂದಿನ ಒಂದೂವರೆ ತಿಂಗಳು ನಂದಾ ಬದುಕಿದ್ದಳು ಎನ್ನಲಾಗದು. ಆಕೆ ಹೊಂಡದ ದಡದಲ್ಲಿ ಕೂರುತ್ತಿದ್ದಳು. ಎಬ್ಬಿಸಿ ಒಳಗೆ ತಂದರೆ ಮತ್ತೆ ಹೋಗಿ ಕೂರುತ್ತಿದ್ದಳು. ಎರಡು ಸಲ ನೀರಿಗೆ ಇಳಿದಳು. ಎರಡೂ ಸಲ ಗುರುಸಿದ್ದ ಹಗ್ಗ ಹಾಕಿ ಎಳೆದು ತೆಗೆದ. ಎರಡನೆಯ ಸಲ ಎಳೆದು ತೆಗೆದವನು ಒದ್ದೆ ಬಟ್ಟೆಯಲ್ಲೇ ಗಾಡಿ ಹತ್ತಿಸಿ ಆಕೆಯನ್ನು ಕರಜಗಿಗೆ ಕರೆತಂದ. ಸಾಂಗಲಿಯ ಡಾಕ್ಟರಿಗೆ ತೋರಿಸಿದ್ದಾಯಿತು, ಗುಳಿಗೆ ಕೊಟ್ಟಿದ್ದಾರೆ, ಗುಳಿಗೆ ನುಂಗಿ ಮಲಗುತ್ತಾಳೆ, ಎದ್ದರೆ ಮತ್ತೆ ಅದೇ ಎಂದು ಅತ್ತೆಗೆ ಹೇಳಿದ. ಆಮೇಲೆ ಕೈ ಮುಗಿದ.

"ಅತ್ತಿ, ಮಂದಿಗೆಲ್ಲಾ ಮಾಡ್ತೀರಿ. ಈಕೀಗೂ ಮಾಡ್ರಿ."

ಶಿವಲಿಂಗವ್ವ ಎರಡು ದಿನ ಒಪ್ಪಲಿಲ್ಲ. ಸ್ವಂತ ರಕ್ತದವರಿಗೆ ಮಾಡಬಾರದು, ಕೈ ನಡುಗುತ್ತದೆ ಎಂದು ತಂದೆ ಹೇಳಿದ್ದ. ಆದರೆ ಮೂರನೆಯ ದಿನ ನಂದಾ ಮನೆಯ ಹಿಂದಿನ ಬಾವಿಯ ಕಡೆ ನಡೆದದ್ದನ್ನು ಕಂಡು ಇದ್ದಿಲು ಹೊತ್ತಿಸಿದಳು.

ಪಡಸಾಲೆಯಲ್ಲಿ ಬಿಸಿಲು ಬಿದ್ದಿತ್ತು. ನಂದಾ ಮೂಸೆಯ ಎದುರು ಕುಳಿತು ಹೇಳತೊಡಗಿದಳು. ಮಗು ಹುಟ್ಟಿದ ದಿನದಿಂದ ಹೇಳಿದಳು, ತಡೆಯದೆ ಹೇಳಿದಳು. ಶಿವಲಿಂಗವ್ವ ಬಟ್ಟಲಿನ ಅಂಚು ಎತ್ತಿ ಎತ್ತಿ ಮಸಿಯನ್ನು ನೋಡುತ್ತಿದ್ದಳು. ಬೂದಿ ಬಣ್ಣ ಹೋಗಿ ಹಸಿರು ಕಾಣಿಸಿತು. ಅದರ ಹಿಂದೆಯೇ ನೀಲಿ ಮಿಂಚಿತು. ಇಳಿಸುವ ಹೊತ್ತು ಅದೇ. ಆಕೆಯ ಕೈ ಇಕ್ಕಳದ ಮೇಲಿತ್ತು. ಅದೇ ಗಳಿಗೆಗೆ ನಂದಾಳ ಮಾತು ಆ ಮುಂಜಾನೆಗೆ ಬಂದಿತ್ತು. ಫೋನು ಬಂತು ಎಂದಳು. ಅವ್ವನ ಫೋನು ಬಂತು, ಸಂಡಿಗೆ ಎಂದಳು, ನಾನು ನಕ್ಕೆ ಎಂದಳು.

ಶಿವಲಿಂಗವ್ವನ ಕೈ ಏಳಲಿಲ್ಲ. ಈ ಮಸಿ ಇಳಿಸಿದರೆ ಮಗಳು ಬದುಕುತ್ತಾಳೆ, ಆದರೆ ಆ ಫೋನನ್ನು ನೆನಪಿಟ್ಟುಕೊಂಡು ಬದುಕುತ್ತಾಳೆ ಎಂಬುದು ಆಕೆಗೆ ಗೊತ್ತಿತ್ತು. ಹೊಂಡ, ಬಾವಿ, ಹಗ್ಗ ಎಲ್ಲವೂ ಕಣ್ಣ ಮುಂದೆ ಬಂದವು. ಹತ್ತೆಣಿಸುವಷ್ಟು ಹೊತ್ತು ಹೋಯಿತು. ಮಸಿ ಕಪ್ಪಾಯಿತು. ಆಗ ಇಳಿಸಿದಳು.

ಚೆಲ್ಲಿ ಮತ್ತೊಂದು ಪಾಕ ಇಡಬಹುದಿತ್ತು. ಇಡಲಿಲ್ಲ. ಮೂರು ದಿನ ತನ್ನ ಕೈಯಿಂದಲೇ ಹಚ್ಚಿದಳು.

ನಾಲ್ಕನೆಯ ದಿನ ನಂದಾ ಎದ್ದು ಮುಖ ತೊಳೆದು, ಹಸಿವೆಯಾಗಿದೆ, ಏನು ಮಾಡಿದ್ದೀ ಎಂದು ಕೇಳಿದಳು. ಎರಡು ರೊಟ್ಟಿ ತಿಂದಳು. ತಾನು ತವರಿಗೆ ಯಾವಾಗ ಬಂದೆ, ಯಾಕೆ ಬಂದೆ ಎಂದು ಆಕೆಗೆ ನೆನಪಿರಲಿಲ್ಲ. ಅಂಗಳದಲ್ಲಿ ನಿಂತಿದ್ದ ಗುರುಸಿದ್ದನನ್ನು ಕಂಡು, ಇಷ್ಟು ಯಾಕೆ ಸೊರಗಿದ್ದೀರಿ ಎಂದು ನಕ್ಕಳು. ಆ ನಗು ಕೇಳಿ ಮೊದಲು ಅವನ ಮುಖ ಬೆಳಗಿತು. ಆಮೇಲೆ ಅವನು ಮಗುವಿನ ಹೆಸರು ಹೇಳಿದ. ನಂದಾ ಅದು ಕೇಳಿಸದವಳಂತೆ ಬೇರೆ ಮಾತಿಗೆ ಹೋದಳು. ಅವನು ಇನ್ನೊಮ್ಮೆ ಹೇಳಿದ. ಆಗಲೂ ಅಷ್ಟೇ. ಅವನು ಅತ್ತೆಯ ಮುಖ ನೋಡಿದ. ಆಕೆ ತಲೆ ಬಗ್ಗಿಸಿದಳು.

ಸುಟ್ಟ ಪಾಕ ನೆನಪನ್ನಷ್ಟೇ ಅಲ್ಲ, ಕಣ್ಣು ಕಿವಿಗಳನ್ನೂ ತಿದ್ದಿಬಿಡುತ್ತದೆ. ತೆಗೆದುಹಾಕಿದ್ದಕ್ಕೆ ಸೇರಿದ ಮಾತು ಬಂದರೆ ಕಿವಿಯಿಂದ ಜಾರುತ್ತದೆ. ವಸ್ತು ಎದುರಿಗಿದ್ದರೆ ದೃಷ್ಟಿ ಅದನ್ನು ದಾಟಿ ಹೋಗುತ್ತದೆ. ಗುರುಸಿದ್ದ ಡಫಳಾಪುರದಲ್ಲಿ ಮನೆಮನೆಗೆ ಹೋಗಿ, ಕಾಯಿಲೆ ಬಿದ್ದವಳು, ಆ ಸುದ್ದಿ ತೆಗೆಯಬೇಡಿರಿ ಎಂದು ಬೇಡಿಕೊಂಡ. ಬಾಯಿತಪ್ಪಿ ಯಾರಾದರೂ ತೆಗೆದರೂ ಆಕೆಗೆ ಅದು ತಾಗುತ್ತಿರಲಿಲ್ಲ. ಹೊಟ್ಟೆಯ ಮೇಲಿನ ಹೊಲಿಗೆ ಯಾವುದು ಎಂದು ನಂದಾ ಒಂದು ದಿನ ಕೇಳಿದಾಗ, ಗಡ್ಡೆಯ ಆಪರೇಶನ್ ಆಗಿತ್ತಲ್ಲ ಎಂದ. ಆಕೆ ಹೌದೇನೋ ಎಂದುಕೊಂಡಳು.

ಕೈಗಳು ಮಾತ್ರ ತಮ್ಮ ರೂಢಿ ಬಿಟ್ಟಿರಲಿಲ್ಲ. ಮುಂಜಾನೆ ಒಮ್ಮೊಮ್ಮೆ ಆಕೆ ಒಂದು ರೊಟ್ಟಿಯನ್ನು ಸಣ್ಣಗೆ ಮುರಿದು, ಬಟ್ಟಲಲ್ಲಿ ಹಾಲು ಹಾಕಿ ಹಿಸುಕಿ ನೆನೆಯಿಟ್ಟುಬಿಡುತ್ತಿದ್ದಳು. ಆಮೇಲೆ ಅದನ್ನು ಯಾರಿಗೆ ಮಾಡಿದೆ ಎಂದು ತಿಳಿಯದೆ ನಿಂತು, ಕೆಡಿಸುವುದು ಯಾಕೆ ಎಂದು ತಾನೇ ತಿನ್ನುತ್ತಿದ್ದಳು. ಗುರುಸಿದ್ದ ಅದನ್ನು ನೋಡಲಾರದೆ ತೋಟಕ್ಕೆ ಹೋಗುತ್ತಿದ್ದ. ತನ್ನ ಮನೆಯಲ್ಲಿ ತನ್ನ ಮಗಳಿಗಾಗಿ ಅಳಲು ಅವನಿಗೆ ಜಾಗವಿರಲಿಲ್ಲ. ಮೋಟಾರು ಹಚ್ಚಿ, ಅದರ ಸದ್ದಿನಲ್ಲಿ ಅಳುತ್ತಿದ್ದ.

ಶಿವಲಿಂಗವ್ವ ಆ ವಾರವೇ ಮೂಸೆ, ಬಟ್ಟಲುಗಳನ್ನು ಮೂಟೆ ಕಟ್ಟಿ ಅಟ್ಟಕ್ಕೆ ಹಾಕಿದಳು. ಬಂದವರನ್ನು ತಿರುಗಿ ಕಳಿಸಿದಳು. ಧೂಳಪ್ಪ ತನ್ನ ತಂಗಿಯನ್ನು ಕರೆದುಕೊಂಡು ಬಂದು ಪಡಸಾಲೆಯಲ್ಲಿ ಅರ್ಧ ದಿನ ಕುಳಿತ. ಆಕೆ ಅವರಿಗೆ ಊಟ ಹಾಕಿ, ನನ್ನ ಕೈ ಕೆಟ್ಟಿದೆ ಎಂದು ಹೇಳಿ ಕಳಿಸಿದಳು. ಬಿಡುವಿದ್ದಾಗ ತಂದೆಯ ಹಳೆಯ ವಹಿ ತೆಗೆದು ಒಂದೊಂದು ಹಾಳೆ ಹುಡುಕಿದಳು. ಸುಟ್ಟ ಪಾಕವನ್ನು ಹಿಂದಿರುಗಿಸುವ ಬಗೆ ಎಲ್ಲಾದರೂ ಬರೆದಿರಬಹುದು ಎಂಬ ಆಸೆ. ಕೊನೆಯ ಹಾಳೆಗಳಲ್ಲಿ ಒಂದು ಸಾಲು ಸಿಕ್ಕಿತು. ಇದಕ್ಕೆ ಮರಳುವ ದಾರಿಯಿಲ್ಲ, ಎಂದಷ್ಟೇ ಇತ್ತು.

ಮೂರು ವರ್ಷ ಹೀಗೆ ಕಳೆದವು. ನಂದಾ ಮತ್ತೆ ಬಸುರಾದಳು. ಐದನೆಯ ತಿಂಗಳಲ್ಲಿ ದವಾಖಾನೆಗೆ ತಪಾಸಣೆಗೆ ಹೋದಾಗ ಅಲ್ಲಿ ಸುಮನ ಎಂಬ ಹೊಸ ಸಿಸ್ಟರ್ ಇದ್ದಳು. ಬೇರೆ ತಾಲೂಕಿನಿಂದ ಬದಲಿಯಾಗಿ ಬಂದವಳು, ಊರಿನ ಸುದ್ದಿ ತಿಳಿಯದವಳು. ಹೊಟ್ಟೆ ನೋಡಿ, ಮೊದಲನೆಯದು ಸಿಝರ್ ಆಗಿದೆಯಲ್ಲ, ಆ ಮಗುವಿಗೆ ಈಗ ಎಷ್ಟು ವರ್ಷ ಎಂದು ಕೇಳಿದಳು. ಮಗು ಎಂಬ ಮಾತು ನಂದಾಳ ಕಿವಿಯಿಂದ ಜಾರಿತು. ಸಿಝರ್ ಎಂಬುದು ನಿಂತಿತು. ಅದು ಗಡ್ಡೆಯ ಆಪರೇಶನ್ ಎಂದು ಆಕೆ ಹೇಳಿದಳು. ಸುಮನ ಇಂಥ ಹೊಲಿಗೆಗಳನ್ನು ನೂರಾರು ನೋಡಿದವಳು. ಹೆರಿಗೆಗಳ ಹಳೆಯ ರಿಜಿಸ್ಟರ್ ತೆಗೆದು ಹುಡುಕಿ, ಹಾಳೆ ತಿರುಗಿಸಿ ತೋರಿಸಿದಳು.

ಆ ಸಾಲಿನಲ್ಲಿ ಬರೆದದ್ದು ನಂದಾಳಿಗೆ ಕಾಣಿಸಲಿಲ್ಲ. ದೃಷ್ಟಿ ಅಲ್ಲಿಂದ ಜಾರಿ ಕೆಳಗೆ ಹೋಯಿತು. ಕೆಳಗೆ ಸಹಿ ಇತ್ತು. ಕನ್ನಡದಲ್ಲಿ ಮಾಡಿದ ಸಹಿ, ದಾ ಅಕ್ಷರದ ಬಾಲವನ್ನು ಉದ್ದಕ್ಕೆ ಎಳೆದದ್ದು. ಸಾಲೆಯಲ್ಲಿ ಮಾಸ್ತರರಿಂದ ಏಟು ತಿಂದರೂ ಆಕೆ ಬಿಡದ ಚಾಳಿ ಅದು. ತಾನು ಯಾವುದಕ್ಕೋ ಸಹಿ ಮಾಡಿದ್ದೇನೆ, ಅದು ಯಾವುದಕ್ಕೆ ಎಂದು ತನಗೆ ಕಾಣಿಸುತ್ತಿಲ್ಲ ಎಂಬುದು ಆಕೆಗೆ ತಿಳಿಯಿತು. ಮನರಸದವಳ ಮಗಳು ಆಕೆ. ಹೀಗೆ ಕಾಣದಂತೆ ಆಗುವುದು ಯಾವುದರಿಂದ ಎಂದು ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಅಲ್ಲಿಂದ ಮನೆಗೆ ಹೋಗದೆ ಜತ್ತದ ಬಸ್ಸು ಹತ್ತಿದಳು. ಜತ್ತದಲ್ಲಿ ಬಸ್ಸು ಬದಲಿಸಿ ಕರಜಗಿಗೆ ಬಂದಳು.

ಗಿರಣಿ ನಡೆದಿತ್ತು. ನಂದಾ ನೇರವಾಗಿ ಒಳಗೆ ಬಂದು ಗುಂಡಿ ಒತ್ತಿ ಅದನ್ನು ನಿಲ್ಲಿಸಿದಳು. ಕಲ್ಲು ತಿರುಗುವುದು ನಿಲ್ಲಲು ಸ್ವಲ್ಪ ಹೊತ್ತು ಹಿಡಿಯಿತು. ಹಿಟ್ಟಿಗಾಗಿ ಕಾಯುತ್ತಿದ್ದ ಇಬ್ಬರು ಹೆಂಗಸರು ಆಕೆಯ ಮುಖ ನೋಡಿ ಹೊರಗೆ ಹೋದರು.

"ಯವ್ವಾ, ನನ್ನ ಹೊಟ್ಟಿ ಮ್ಯಾಲಿನ ಹೊಲಿಗಿ ಯಾತರದು?"

ಶಿವಲಿಂಗವ್ವ ಮೂರು ವರ್ಷದಿಂದ ಈ ಪ್ರಶ್ನೆಗೆ ಉತ್ತರ ಜೋಡಿಸಿಟ್ಟಿದ್ದಳು. ಅದು ಬಾಯಿಗೆ ಬರಲಿಲ್ಲ. ಮಗಳನ್ನು ಕೈ ಹಿಡಿದು ಜೋಳದ ಚೀಲದ ಮೇಲೆ ಕೂರಿಸಿದಳು. ನಿನಗೊಬ್ಬಳು ಮಗಳಿದ್ದಳು ಎಂದು ಹೇಳಿದಳು. ನಂದಾಳ ಕಣ್ಣು ಬೇರೆ ಕಡೆ ಹೋಯಿತು. ಶಿವಲಿಂಗವ್ವ ಆಕೆಯ ಗಲ್ಲ ಹಿಡಿದು ಮುಖ ತನ್ನ ಕಡೆ ತಿರುಗಿಸಿಕೊಂಡು ಮತ್ತೆ ಹೇಳಿದಳು. ಎಷ್ಟು ಸಲ ಹೇಳಿದಳೋ. ಮಾತು ಜಾರುತ್ತಿದೆ ಎಂದು ಗೊತ್ತಾದಾಗ ನಂದಾ ಎದ್ದು, ಗಿರಣಿಯ ಕಲ್ಲಿನ ಮೇಲೆ ಹರಡಿದ ಹಿಟ್ಟಿನಲ್ಲಿ ಬರೆ ಎಂದಳು. ಶಿವಲಿಂಗವ್ವ ಬೆರಳಿನಿಂದ ಬರೆದಳು. ನಂದಾ ಆ ಅಕ್ಷರಗಳ ಮೇಲೆ ತನ್ನ ಬೆರಳು ಇಟ್ಟು ಒಂದೊಂದಾಗಿ ತಿದ್ದುತ್ತಾ, ಹೊಸದಾಗಿ ಓದು ಕಲಿಯುವವಳಂತೆ ಕೂಡಿಸಿ ಓದಿದಳು. ಪ್ರಾ. ಜ. ಕ್ತಾ. ಕಣ್ಣು ಕಿವಿ ಬಿಟ್ಟದ್ದನ್ನು ಬೆರಳು ಹಿಡಿಯಿತು, ಆ ಹೆಸರು ಬಾಯಿಗೆ ಬಂದ ಮೇಲೆ ತಾಯಿಯ ಮಾತು ಜಾರಲಿಲ್ಲ.

"ಎಲ್ಲಿ ಅದಾಳ?"

"ಇಲ್ಲ. ಹೊಂಡದಾಗ ಬಿದ್ಲು."

ಆಮೇಲೆ ಎಲ್ಲವನ್ನೂ ಹೇಳಿದಳು. ನಂದಾ ಬಾವಿಯ ಕಡೆ ನಡೆದದ್ದು, ಮೂಸೆ ಇಟ್ಟದ್ದು, ಮಸಿ ಪಾರಿವಾಳದ ಕೊರಳಿನ ಬಣ್ಣಕ್ಕೆ ಬಂದದ್ದು, ತಾನು ಇಳಿಸದೆ ಕುಳಿತದ್ದು. ಫೋನಿನ ಸಂಗತಿ ಬಿಟ್ಟು ಹೇಳಬಹುದಿತ್ತು. ಅದು ಗೊತ್ತಿದ್ದವಳು ಈಗ ಆಕೆಯೊಬ್ಬಳೇ. ಆದರೂ ಹೇಳಿದಳು. ಆ ಹೊತ್ತಿನಲ್ಲಿ ಫೋನು ಮಾಡಿದವಳು ನಾನೇ, ಸಂಡಿಗೆಯ ಮಾತು ಮುಗಿದರೂ ಇಡದವಳು ನಾನೇ ಎಂದಳು.

ನಂದಾ ಕೇಳಿದಳು: "ಮಸಿ ಸುಟ್ಟಿದ್ದು ನನ್ನ ಸಲುವಾಗಿಯೋ, ನಿನ್ನ ಸಲುವಾಗಿಯೋ?"

"ಮೂರು ವರ್ಷ ಆತು, ನಾನೂ ಅದನ್ನ ಕೇಳಕೋತ ಅದೀನಿ. ಗೊತ್ತಾಗವಲ್ದು."

"ಅಳೂನೂ ಬರವಲ್ದು ಯವ್ವಾ. ನನ್ನ ಮಗಳು ಸತ್ತಾಳ ಅಂತಿ. ನನಗ ಯಾರದೋ ಮನಿ ಸುದ್ದಿ ಕೇಳಿದಂಗ ಆಗಾಕತ್ತೈತಿ."

ಆಕೆಯ ದನಿಯಲ್ಲಿ ಸಿಟ್ಟಿರಲಿಲ್ಲ. ಸಿಟ್ಟು ಬಂದಿದ್ದರೆ ಚೆನ್ನಾಗಿತ್ತು ಎಂದು ಶಿವಲಿಂಗವ್ವನಿಗೆ ಅನ್ನಿಸಿತು.

ಹುಡುಕಿಕೊಂಡು ಬಂದ ಗುರುಸಿದ್ದ ಸಂಜೆಯ ಹೊತ್ತಿಗೆ ಹೆಂಡತಿಯನ್ನು ಕರೆದೊಯ್ದ. ಮನೆಯಲ್ಲಿ ನಂದಾ ಫೋಟೋ ಇದ್ದರೆ ತೋರಿಸಿ ಎಂದಳು. ಅವನು ಫೋನಿನಲ್ಲಿ ಬಚ್ಚಿಟ್ಟಿದ್ದ ಫೋಟೋಗಳನ್ನು ತೆಗೆದು ಕೊಟ್ಟ. ಮೊದಮೊದಲು ಆಕೆಗೆ ಚಿತ್ರದಲ್ಲಿ ತಾನೊಬ್ಬಳೇ ಕಾಣುತ್ತಿದ್ದಳು, ಖಾಲಿ ಸೊಂಟದ ಮೇಲೆ ಏನನ್ನೋ ಎತ್ತಿಕೊಂಡಂತೆ ಕೈ ಬಾಗಿಸಿ ನಿಂತವಳು. ಪ್ರಾಜಕ್ತಾ ಎಂಬ ಹೆಸರನ್ನು ಬಾಯಲ್ಲಿ ಹೇಳಿಕೊಳ್ಳುತ್ತಾ ನೋಡಿದಾಗ ನಿಧಾನವಾಗಿ ಆ ಕೈಯ ಮೇಲೊಂದು ಮಗು ಕಾಣಿಸಿತು. ಸೀರೆ ತನ್ನದು, ಬಳೆ ತನ್ನವು. ಮಗು ಯಾರದೋ. ಬಂದ ಬೀಗರು ಹೇಳುವಂತೆ, ಹುಡುಗಿ ಚಂದ ಅದಾಳ ಎಂದಳು. ಗುರುಸಿದ್ದ ಎದ್ದು ಹೊರಗೆ ಹೋದ. ಇದನ್ನು ಅವನು ಅತ್ತೆಗೆ ಹೇಳಿದ್ದು ಎಷ್ಟೋ ತಿಂಗಳ ನಂತರ.

ಗಂಡುಮಗು ಹುಟ್ಟಿತು. ಬಾಣಂತನಕ್ಕೆ ನಂದಾ ತವರಿಗೆ ಬರಲಿಲ್ಲ. ಶಿವಲಿಂಗವ್ವ ತಾನೇ ಡಫಳಾಪುರಕ್ಕೆ ಹೋದಳು. ನಂದಾ ಒಳಗೆ ಕರೆದಳು, ಚಹಾ ಕೊಟ್ಟಳು, ಮಗುವನ್ನು ತೊಡೆಯ ಮೇಲೆ ಹಾಕಿದಳು. ಎಲ್ಲ ಅಜ್ಜಿಯರಂತೆ ಶಿವಲಿಂಗವ್ವ ಸೆರಗಿನ ಗಂಟಿನಿಂದ ಕಾಡಿಗೆಯ ಡಬ್ಬಿ ತೆಗೆದಳು. ತುಪ್ಪದ ದೀಪದ ಕಾಡಿಗೆ, ಎಲ್ಲರೂ ಮಾಡುವಂಥದ್ದು. ನಂದಾ ಮಗುವನ್ನು ಮೆಲ್ಲಗೆ ಎತ್ತಿಕೊಂಡಳು.

"ನಿನ್ನ ಕೈಯಿಂದು ಬ್ಯಾಡವಾ."

ಶಿವಲಿಂಗವ್ವ ಡಬ್ಬಿಯನ್ನು ಮತ್ತೆ ಗಂಟು ಕಟ್ಟಿಕೊಂಡಳು. ಬಸ್ಸಿನಲ್ಲಿ ತಿರುಗಿ ಬರುವಾಗ, ಇಷ್ಟು ಮಾತಾದರೂ ಆಕೆ ಆಡಿದಳಲ್ಲ ಎಂದುಕೊಂಡಳು. ಇನ್ನು ಮೇಲೆ ತಾನು ಅಲ್ಲಿಗೆ ಹೋಗಬಾರದು ಎಂದೂ ಅಂದುಕೊಂಡಳು.

ಹದಿನೈದು ದಿನವಾದ ಮೇಲೆ ನಂದಾಳೇ ಫೋನು ಮಾಡಿದಳು. ಗುರುಸಿದ್ದನಿಗೆ ಆ ಮಗುವಿನ ಬಗ್ಗೆ ಕೇಳಿದರೆ ಅವನಿಗೆ ಹೇಳಲಾಗುವುದಿಲ್ಲ, ಎದ್ದು ತೋಟಕ್ಕೆ ಹೋಗಿಬಿಡುತ್ತಾನೆ. ನೀನು ಬಂದು ಹೇಳು ಎಂದಳು. ನೆನಪು ಬರುವುದಿಲ್ಲ ಎಂದು ನನಗೂ ಗೊತ್ತು, ಹೆತ್ತವಳಿಗೆ ಗೊತ್ತಿರಬೇಕಾದದ್ದು ಗೊತ್ತಾದರೂ ಆಗಲಿ ಎಂದಳು.

ಅಂದಿನಿಂದ ಶಿವಲಿಂಗವ್ವ ಪ್ರತಿ ಸೋಮವಾರ ಗಿರಣಿಗೆ ಬೀಗ ಹಾಕಿ ಡಫಳಾಪುರಕ್ಕೆ ಹೋಗುತ್ತಾಳೆ. ಜತ್ತದಲ್ಲಿ ಬಸ್ಸು ಬದಲಿಸುವಾಗ ಒಮ್ಮೊಮ್ಮೆ ಗಂಟೆಗಟ್ಟಲೆ ಕಾಯಬೇಕು. ಹೋಗಿ ಒಂದೊಂದೇ ಹೇಳುತ್ತಾಳೆ. ಮಗುವಿಗೆ ಮೊದಲ ಹಲ್ಲು ಕೆಳಗೆ ಬಂದದ್ದಲ್ಲ, ಮೇಲೆ ಬಂದದ್ದು. ದಾಳಿಂಬೆ ಕಾಳನ್ನು ಹೀರಿ ಬೀಜವನ್ನು ಅಪ್ಪನ ಕಿಸೆಗೆ ಹಾಕುತ್ತಿದ್ದದ್ದು. ಬೆಕ್ಕನ್ನು ಕಂಡರೆ ಹೆದರುತ್ತಿದ್ದದ್ದು, ಎಮ್ಮೆಗೆ ಹೆದರದೇ ಇದ್ದದ್ದು.

"ನನಗ ಏನಂತ ಕರೀತಿದ್ಲು?" ಎಂದು ನಂದಾ ಒಮ್ಮೆ ಕೇಳಿದಳು.

"ಅವ್ವಾ ಅಂತಿರಲಿಲ್ಲ. ನಾವು ಕರಿಯೂದು ಕೇಳಿ, ಆಕೀನೂ ನಂದಾ ಅಂತಿದ್ಲು. ನೀ ಸಿಟ್ಟಿಗೆದ್ದಂಗ ಮಾಡ್ತಿದ್ದಿ. ಹಂಗ ಮಾಡಿದಷ್ಟೂ ಜೋರಾಗಿ ಅಂತಿದ್ಲು."

ನಂದಾ ಕೈಯಲ್ಲಿದ್ದ ಕೆಲಸ ಬಿಟ್ಟು, ತನ್ನ ಹೆಸರನ್ನೇ ಒಂದೆರಡು ಸಲ ಮೆಲ್ಲಗೆ ಹೇಳಿ ನೋಡಿದಳು. ಏನೂ ಆಗಲಿಲ್ಲ. ಮುಂದೆ ಹೇಳು ಎಂದಳು.

ಮಗು ಬದುಕಿದ್ದದ್ದೇ ಎರಡು ವರ್ಷ ಎಂಟು ತಿಂಗಳು. ಅದರಲ್ಲೂ ಅಜ್ಜಿ ಕಂಡದ್ದು ಬಂದು ಹೋದಾಗ ಕಂಡಷ್ಟೇ. ಎರಡು ವರ್ಷಗಳಿಂದ ಸೋಮವಾರಕ್ಕೊಂದು ಹೇಳುತ್ತಾ ಬಂದ ಮೇಲೆ ಹೇಳುವುದು ಮುಗಿಯತೊಡಗಿತು. ವಾರವಿಡೀ ಗಿರಣಿಯಲ್ಲಿ ನಿಂತು ಶಿವಲಿಂಗವ್ವ ನೆನಪು ಕೆದಕುತ್ತಾಳೆ. ಹೊಸದು ಏನಾದರೂ ಸಿಕ್ಕರೆ ಮರೆತುಹೋದೀತೆಂದು ಗೋಡೆಯ ಮೇಲೆ ಇದ್ದಿಲಿನಿಂದ ಗುರುತು ಹಾಕಿಕೊಳ್ಳುತ್ತಾಳೆ.

ಕಳೆದ ಶ್ರಾವಣದ ಒಂದು ಸೋಮವಾರ ಆಕೆ, ಪ್ರಾಜಕ್ತಾ ಹಿಟ್ಟಿನ ಡಬ್ಬಿಯೊಳಗೆ ಇಳಿದು ಕುಳಿತು, ಎಲ್ಲರೂ ಹುಡುಕುವಾಗ ಸೀನಿ ಸಿಕ್ಕಿಬಿದ್ದದ್ದನ್ನು ಹೇಳಿದಳು. ತೊಡೆಯ ಮೇಲೆ ಮಗನನ್ನು ಹಾಕಿಕೊಂಡು ನಂದಾ ಕೇಳುತ್ತಿದ್ದಳು. ಹೊಸ್ತಿಲಲ್ಲಿ ನಿಂತು ಗುರುಸಿದ್ದನೂ ಕೇಳುತ್ತಿದ್ದ. ಅರ್ಧ ಹೇಳಿದ ಮೇಲೆ ಶಿವಲಿಂಗವ್ವ ತಟ್ಟನೆ ನಿಲ್ಲಿಸಿದಳು. ಆ ಡಬ್ಬಿ ಡಫಳಾಪುರದ್ದಲ್ಲ, ಕರಜಗಿಯದು. ಹುಡುಕಲು ಓಡಾಡಿದವನು ಗುರುಸಿದ್ದನಲ್ಲ, ತನ್ನ ಗಂಡ. ಆಕೆ ಸೆರಗಿನಿಂದ ಮುಖ ಒರೆಸಿಕೊಂಡಳು.

"ತಪ್ಪಿದೆ ನಂದಾ. ಇದು ಆಕೀದಲ್ಲ. ಇದು ನಿಂದು. ನೀ ಸಣ್ಣಾಕಿದ್ದಾಗಿಂದು."

ನಂದಾ ಮಗನನ್ನು ಇನ್ನೊಂದು ತೊಡೆಗೆ ಬದಲಿಸಿಕೊಂಡಳು. ತಾಯಿಯ ಮುಖವನ್ನು ಬಹಳ ದಿನಗಳ ನಂತರ ನೆಟ್ಟಗೆ ನೋಡಿದಳು.

"ಇರ್ಲಿ," ಎಂದಳು. "ಅದನ್ನೂ ಹೇಳು."